ಹನ್ನೆರಡು ಹೆಂಗಸರ ತೀರ್ಪು

ಷ್ರಾಪ್‌ಶೈರ್ ಸೀಮೆಯಲ್ಲಿ ಈಗ ಉಸಿರಾಡುತ್ತಿರುವವರಲ್ಲಿ ಅರ್ಧ ಮಂದಿಯನ್ನು ಈ ಲೋಕಕ್ಕೆ ಎಳೆದುಹಾಕಿದವಳು ನಾನೇ, ಸೂಲಗಿತ್ತಿ ಟ್ರಿಗ್. ಉಳಿದರ್ಧ ಮಂದಿ ನನ್ನನ್ನು ಕರೆಸದೆ ಹುಟ್ಟಿದವರು. ಅವರ ಮೂಗು ನೋಡಿದರೇ ಗೊತ್ತಾಗುತ್ತದೆ. ಬಸುರಿಯ ಹೊಟ್ಟೆಯ ಮೇಲೆ ಎರಡು ಬೆರಳಿಟ್ಟರೆ ಸಾಕು, ಒಳಗಿರುವುದು ಗಂಡೋ ಹೆಣ್ಣೋ, ಮುಂದೆ ಪಾದ್ರಿಯಾಗುತ್ತದೋ ಕುದುರೆ ಕದಿಯುತ್ತದೋ ಹೇಳಿಬಿಡುತ್ತಿದ್ದೆ. ಹಾಗಾಗಿ ಸೀಮೆಯ ಕಾನೂನು ನೋಡಿಕೊಳ್ಳುವ ಷರೀಫನಿಗೆ ಹನ್ನೆರಡು ಮಂದಿ ಮರ್ಯಾದಸ್ಥ ಹೆಂಗಸರು ಬೇಕಾದಾಗ ಮೊದಲ ಹೆಸರು ನನ್ನದು. ಮಿಕ್ಕ ಹನ್ನೊಂದು ಮಂದಿಯನ್ನು ನನಗೆ ಬೇಸರವಾಗದಿರಲಿ ಅಂತ ಸೇರಿಸಿಕೊಂಡಿದ್ದು.

ಸಂಗತಿ ಇಷ್ಟು. ಲಾರ್ಡ್ ವಿದಿಕಾಟ್ ಸೆಪ್ಟೆಂಬರಿನಲ್ಲಿ ನರಿಬೇಟೆಗೆ ಹೋಗಿ, ಚರ್ಚಿನ ಗೋಪುರದಷ್ಟು ಎತ್ತರದ ಕುದುರೆಯ ಮೇಲಿಂದ ಬಿದ್ದು ಸತ್ತರು. ಇದ್ದವಳು ಒಬ್ಬಳೇ ಮಗಳು, ಹದಿನೇಳರ ಹೆನ್ರಿಯೆಟಾ. ಪದವಿಯೂ ಬಂಗಲೆಯೂ ಗಂಡಸರಿಗೆ ಮಾತ್ರ. ಸತ್ತವರ ತಮ್ಮ ಅಗಸ್ಟಿನ್, ಶ್ರಾದ್ಧದೂಟದ ಮಾಂಸ ಆರುವ ಮೊದಲೇ ಕಿಟಕಿಯ ಪರದೆಗಳನ್ನು ಅಳೆಯಲು ಶುರುಮಾಡಿದ. ಆಗ ಸತ್ತವರ ಹೆಂಡತಿ ಲೇಡಿ ವಿದಿಕಾಟ್ ಬಾಯಿಬಿಟ್ಟರು: ತಾನು ಬಸುರಿ.

ಹುಟ್ಟುವುದು ಗಂಡಾದರೆ ಅದೇ ಲಾರ್ಡ್. ಹುಟ್ಟುವವರೆಗೆ ಯಾರೂ ಲಾರ್ಡ್ ಅಲ್ಲ. ಅಗಸ್ಟಿನ್ ಒಂದು ಕುರ್ಚಿಯನ್ನೂ ಸರಿಸುವಂತಿಲ್ಲ. ಅತ್ತಿಗೆ ಹೊಟ್ಟೆಗೆ ದಿಂಬು ಕಟ್ಟಿಕೊಂಡಿದ್ದಾಳೆ, ಕೊನೆಗೆ ಗಿರಣಿಯವನ ಮಗುವನ್ನು ಲಂಗದಡಿ ತಂದು ತನ್ನದೆನ್ನುತ್ತಾಳೆ ಎಂದು ಅವನು ಕೋರ್ಟಿಗೆ ಹೋದ. ಅಂಥ ಅನುಮಾನಕ್ಕೆ ಹಳೆಯ ಕಾನೂನೊಂದಿದೆ: ಹನ್ನೆರಡು ಹೆಂಗಸರು ವಿಧವೆಯ ಹೊಟ್ಟೆ ಮುಟ್ಟಿ ನೋಡಿ, ಬೈಬಲ್ಲಿನ ಮೇಲೆ ಕೈಯಿಟ್ಟು ತೀರ್ಪು ಹೇಳಬೇಕು.

ಅಗಸ್ಟಿನ್ನನಿಗೆ ಸರ್ ಬಾರ್ನಬಿ ಎಂಬ ಗೆಳೆಯನಿದ್ದ. ಬೂಟು ಸವೆಸಿದಂತೆ ಮೂವರು ಹೆಂಡಿರನ್ನು ಸವೆಸಿದ ಅರವತ್ತರ ಮುದುಕ. ಹೆನ್ರಿಯೆಟಾಳನ್ನು ಅವನಿಗೆ ಕೊಡುತ್ತೇನೆಂದು ಅಗಸ್ಟಿನ್ ಮಾತು ಕೊಟ್ಟಿದ್ದ. ತಾಯಿ ಲಡ್ಲೋ ಕಡೆಯ ಎಡ್ಮಂಡ್ ಲೇಸಿ ಎಂಬ ಒಳ್ಳೆಯ ಹುಡುಗನನ್ನು ಗೊತ್ತುಮಾಡಿ, ಜನವರಿಗೆ ಮದುವೆ ಇಟ್ಟುಕೊಂಡಿದ್ದರು. ನಾವು 'ಬಸುರಿಲ್ಲ' ಎಂದರೆ ಅಂದು ಸಂಜೆಗೇ ಅಗಸ್ಟಿನ್ ಮನೆಯ ಯಜಮಾನ, ಹುಡುಗಿ ಮುದುಕನ ಪಾಲು. ಇದು ಅಡುಗೆಮನೆಯ ಬೆಕ್ಕಿಗೂ ಗೊತ್ತಿತ್ತು.

ಡಿಸೆಂಬರಿನ ಮೊದಲ ವಾರ ಹೋದೆವು. ಆ ಮಂಚವೋ, ಕುರುಬನೊಬ್ಬ ಅದರ ಮೇಲೆ ನಲವತ್ತು ಕುರಿ ಮೇಯಿಸಿ ಎರಡನ್ನು ಕಳೆದುಕೊಂಡು ಬರಬಹುದು, ಅಷ್ಟಗಲ. ನಡುವೆ ಲೇಡಿ ವಿದಿಕಾಟ್ ಒಳಅಂಗಿಯಲ್ಲಿ ಮಲಗಿದ್ದರು. ಹೆತ್ತವರೂ ಮುಟ್ಟುವ ಮುನ್ನ ಅನುಮತಿ ಕೇಳುತ್ತಿದ್ದಂಥ ಹೆಂಗಸು. ಈಗ ಹಾಲಿನವಳು, ಮೇಣದಬತ್ತಿಯವಳು, ಕಟುಕನ ಹೆಂಡತಿ ಎಲ್ಲರೂ ಸಾಲಾಗಿ ಬಂದು ಕೈಯಿಟ್ಟು ಹೋಗುತ್ತಿದ್ದರು.

"ಕೈ ಬಿಸಿ ಮಾಡ್ಕೊಂಡು ಮುಟ್ರೇ," ಎಂದು ಗದರಿದೆ. "ಬೆಣ್ಣೆ ಕಡೀತಿದ್ದೀರೇನು?"

ಕಟುಕನ ಹೆಂಡತಿ ಪ್ರೂ ನನ್ನ ಕಿವಿಗೆ ಬಾಯಿ ತಂದಳು. "ನಂಗೇನೂ ತಿಳೀಲಿಲ್ಲ ಕಣಕ್ಕ. ಹಂದಿ ತೊಡೆ ಅದುಮಿದ್ಹಂಗಾಯ್ತು. ನೀನು ಹೆಂಗಂದ್ರೆ ನಾವೂ ಹಂಗೇ."

"ಮೆತ್ತಗೆ ಮಾತಾಡೇ, ಅಮ್ಮಾವ್ರಿಗೆ ಕೇಳ್ಸುತ್ತೆ."

"ಕೇಳಿಸ್ತು," ಎಂದರು ಲೇಡಿ ವಿದಿಕಾಟ್. "ಇದಕ್ಕಿಂತ ಕೆಟ್ಟ ಮಾತನ್ನ ನನ್ನ ಮೈದುನ ಊಟದ ಮೇಜಿನಲ್ಲೇ ಆಡಿದ್ದಾನೆ. ನೀನು ನಿನ್ನ ಕೆಲಸ ಮುಗಿಸು, ಟ್ರಿಗ್."

ಕೈಯಿಟ್ಟೆ. ಇಲ್ಲಿ ಮಾತ್ರ ಇದ್ದದ್ದನ್ನು ಇದ್ದಷ್ಟೇ ಹೇಳುತ್ತೇನೆ. ಕೂಸಿನ ಮನೆ ನಟ್ಟನಡುವೆ ಇರುತ್ತದೆ, ದುಂಡಗೆ. ಅದುಮಿದರೆ ಬೆರಳಿಗೆ ಒಗ್ಗುತ್ತದೆ. ಇದು ಎಡಕ್ಕಿತ್ತು. ಗಂಟುಗಂಟಾಗಿ, ಹಿಮ ಬಿದ್ದ ಹೊಲದಲ್ಲಿ ಕೀಳದೆ ಬಿಟ್ಟ ಟರ್ನಿಪ್ ಗೆಡ್ಡೆಯ ಹಾಗೆ. ನಾನು ಅದುಮಿದಾಗ ಅವರ ತುಟಿ ಬೆಳ್ಳಗಾಯಿತು. ಅಂಥದ್ದನ್ನು ಹಿಂದೆ ಮೂವರ ಹೊಟ್ಟೆಯಲ್ಲಿ ಮುಟ್ಟಿದ್ದೆ. ಮೂವರೂ ವರ್ಷ ತುಂಬುವುದರೊಳಗೆ ಮಣ್ಣಾದರು.

ದಿಂಬು ಹುಡುಕಿದವನಿಗೂ ಹೊಳೆದಿರಲಿಲ್ಲ, ಅಪ್ಪಣೆ ಕೊಟ್ಟ ಜಡ್ಜಿಗೂ ಹೊಳೆದಿರಲಿಲ್ಲ. ಕಾನೂನಿಗೆ ವಿಧವೆಯರಲ್ಲಿ ಗೊತ್ತಿದ್ದದ್ದು ಎರಡೇ ಬಗೆ: ಬಸುರಿ, ಇಲ್ಲವೇ ಸುಳ್ಳಿ. ರೋಗಿ ಎನ್ನುವ ಮೂರನೆಯವಳು ಅದರ ಲೆಕ್ಕಕ್ಕೇ ಇರಲಿಲ್ಲ.

ಅವರು ನನ್ನ ಮುಖವನ್ನೇ ನೋಡುತ್ತಿದ್ದರು.

"ಹೆನ್ರಿಯೆಟಾ ಹುಟ್ಟಿದಾಗ ನೀನೇ ಅಲ್ವಾ ಎತ್ತಿಕೊಂಡಿದ್ದು?"

"ಹೌದು ಅಮ್ಮಾವ್ರೇ."

"ಬಹಳ ಅತ್ತಳು."

"ಅವರು ಅತ್ತ ಸದ್ದಿಗೆ ಚರ್ಚಿನ ಗಂಟೆ ಸೀಳಿಹೋಯ್ತಲ್ಲ, ಅಮ್ಮಾವ್ರೇ."

ನಗಲು ಹೋಗಿ ನೋವಿಗೆ ಉಸಿರು ಹಿಡಿದರು. "ಜನವರಿ ಹದಿನಾಲ್ಕಕ್ಕೆ ಅವಳ ಮದುವೆ," ಎಂದರು.

ಹೊರಗೆ ಷರೀಫ ಬೈಬಲ್ ಹಿಡಿದು ನಿಂತಿದ್ದ. ಅಗಸ್ಟಿನ್ ಬೂಟು ಕಿರುಗುಟ್ಟಿಸುತ್ತಾ ಬಂದ. "ಏನಮ್ಮಾ ಸೂಲಗಿತ್ತಿ, ದಿಂಬು ಸಿಕ್ತಾ? ಹತ್ತಿದೋ, ಬಾತುಕೋಳಿ ಪುಕ್ಕದ್ದೋ?"

ಹುಟ್ಟಿದಾಗಿನಿಂದ ಯಾರೂ ಕೇಳದೆಯೇ ಸುಳ್ಳು ಹೇಳಿಕೊಂಡು ಬಂದವಳು ನಾನು. ಆಣೆ ಹಾಕಿಸಿ ಕೇಳಿದ್ದು ಅದೇ ಮೊದಲು.

"ಬಸುರು," ಎಂದೆ. "ನಾಲ್ಕು ತಿಂಗಳು."

ಹಿಂದಿನಿಂದ ಹನ್ನೊಂದು ಮಂದಿ ಹೌದು ಹೌದು ಎಂದರು.

ಅಗಸ್ಟಿನ್ನನ ಮುಖ ಬೀಟ್‌ರೂಟಿನಂತಾಯಿತು. ಆದರೆ ಕಾನೂನಿನ ಇನ್ನೊಂದು ಅರ್ಧ ಅವನಿಗೆ ಬಾಯಿಪಾಠವಾಗಿತ್ತು. "ಹಾಗಾದ್ರೆ ಹೆರೋವರೆಗೂ ಕಾವಲಿಗೆ ಇವಳೇ ಇರಲಿ. ಹೊರಗಿನ ಒಂದು ನೊಣವೂ ಆ ಕೋಣೆಗೆ ಹೋಗಕೂಡದು," ಎಂದ. ಹಾಗೆ ನನ್ನ ಸುಳ್ಳಿನ ಜೊತೆ ಒಂದೇ ಕೋಣೆಯಲ್ಲಿ ಸಂಸಾರ ಮಾಡಬೇಕಾಯಿತು.

ಜನವರಿಯಲ್ಲಿ ಮದುವೆ ನಡೆಯಿತು. ತಾಯಿ ಹೊಟ್ಟೆಯ ಮೇಲೆ ಶಾಲು ಹೊದ್ದು ಚರ್ಚಿನಲ್ಲಿ ಎರಡು ಗಂಟೆ ನಿಂತೇ ಇದ್ದರು. ನೋಡಿದವರೆಲ್ಲ ಗಂಡೇ ಹುಟ್ಟುತ್ತದೆ ಎಂದರು.

ಮಗಳು ಹೋದ ಮೇಲೆ ಒಂದು ಮಧ್ಯಾಹ್ನ ಬಾರ್ಲಿ ನೀರು ಕುಡಿಸುತ್ತಿದ್ದೆ. ಲೇಡಿ ವಿದಿಕಾಟ್ ಬಟ್ಟಲು ದೂರ ಸರಿಸಿದರು. "ನಿನಗೆ ಅವತ್ತೇ ಗೊತ್ತಾಗಿತ್ತು."

"ಹೂಂ ಅಮ್ಮಾವ್ರೇ. ನಿಮಗೆ?"

"ಮೊದಲು ಬಸುರು ಅಂತಲೇ ನಂಬಿದ್ದೆ. ನವೆಂಬರ್ ಹೊತ್ತಿಗೆ ತಿಳೀತು." ಸ್ವಲ್ಪ ಸುಧಾರಿಸಿಕೊಂಡರು. "ದಿನ ತುಂಬಿದ ಮೇಲೆ ಬಂದು ಕೇಳ್ತಾರೆ. ನಾನು ಮೋಸ ಮಾಡಿದೆ ಅಂತಾದ್ರೆ, ಮೋಸಗಾತಿ ಮಗಳು ಅಂತ ಗಂಡನ ಮನೇಲಿ ಅವಳನ್ನ ಹುರಿದು ತಿಂತಾರೆ."

"ನನ್ನ ಕೈ ತಪ್ತು ಅಂತೀನಿ ಬಿಡಿ."

"ನಿನ್ನ ಕೈ ತಪ್ಪಿದ್ದುಂಟಾ?"

"ಹನ್ನೊಂದು ಸಾವಿರ ಹೆರಿಗೇಲಿ ಒಂದು ಸಲಾನೂ ಇಲ್ಲ."

"ಮತ್ತೆ ಯಾರು ನಂಬ್ತಾರೆ?"

"ಎಲ್ರೂ ನಂಬ್ತಾರೆ ಅಮ್ಮಾವ್ರೇ. ಇಷ್ಟು ದಿನ ಕೊಚ್ಚಿಕೊಂಡವಳು ಮುಗ್ಗರಿಸೋದನ್ನ ನೋಡೋಕೆ ಊರಿಗೆ ಊರೇ ಕಾಯ್ತಾ ಇದೆ."

ಅವರು ನನ್ನ ಕೈ ಹಿಡಿದುಕೊಂಡರು. "ಹೆನ್ರಿಯೆಟಾಗೂ ಹೇಳ್ಬೇಡ. ಚರ್ಚಿನಲ್ಲಿ ನಾನು ಹೇಗೆ ನಿಂತಿದ್ದೆ ಅಂತ ಗೊತ್ತಾದ್ರೆ ಅವಳಿಗೆ ಗಂಡನ ಮನೆ ಅನ್ನ ಇಳಿಯಲ್ಲ."

ಮೇ ಕಳೆಯಿತು. ಜೂನಿನಲ್ಲಿ ನಮ್ಮನ್ನೆಲ್ಲ ಮತ್ತೆ ಕರೆಸಿದರು. ಬಂಗಲೆಯ ನಡುಮನೆಯಲ್ಲಿ ರಾಜನ ಪಟ್ಟಾಭಿಷೇಕಕ್ಕೂ ಸೇರದಷ್ಟು ಜನ. ನಾನು ನಡುವೆ ನಿಂತು, "ಇದು ಬಸುರಲ್ಲ, ಗಡ್ಡೆ. ಅಮ್ಮಾವ್ರಿಗೆ ಏನೂ ತಿಳಿಯದು. ನನ್ನ ಕೈ ತಪ್ಪಿತು," ಎಂದೆ. ಮೊದಲು ನಕ್ಕವಳು ಪ್ರೂ. ಆಮೇಲೆ ಯಾರು ನಗಲಿಲ್ಲ ಅಂತ ಕೇಳಿ. ಸೂಲಗಿತ್ತಿಯರಿಗೆ ಪರವಾನಗಿ ಕೊಡುವ ಬಿಷಪ್ಪರ ಕಚೇರಿಯವರು ನನ್ನದನ್ನು ಅಲ್ಲೇ ಕಿತ್ತುಕೊಂಡರು. ಅಗಸ್ಟಿನ್ ಅಂದೇ ಲಾರ್ಡ್ ಆದ. ಕೈಗೆ ಸಿಗದ ಹುಡುಗಿಯ ಮಾತು ಎತ್ತಲಿಲ್ಲ.

ಜುಲೈಯಲ್ಲಿ ಲೇಡಿ ವಿದಿಕಾಟ್ ತೀರಿಕೊಂಡರು. ಮಣ್ಣು ಮುಗಿದ ಮಾರನೆಯ ದಿನ ಹೆನ್ರಿಯೆಟಾಳ ಸಾರೋಟು ನನ್ನ ಬಾಗಿಲಿಗೆ ಬಂದು ನಿಂತಿತು. ಅವಳು ಕಪ್ಪು ಬಟ್ಟೆಯಲ್ಲಿ ಇಳಿದಳು. ನಡಿಗೆಯಲ್ಲೇ ತಿಳಿಯಿತು, ನಾಲ್ಕು ತಿಂಗಳು. ಈ ಸಲ ನಿಜವಾದದ್ದು.

"ಅಮ್ಮ ಆ ಮಗುವಿಗೆ ಅಂತ ಹದಿಮೂರು ಟೊಪ್ಪಿ ಹೊಲಿದಿದ್ದಾರೆ," ಎಂದಳು. "ಪೆಟ್ಟಿಗೆ ತೆಗೆದು ನೋಡಿದೆ."

ನಾನು ತಲೆ ತಗ್ಗಿಸಿದೆ. ಕೋಣೆಗೆ ಬಂದುಹೋಗುವ ಮನೆಯಾಳುಗಳ ಕಣ್ಣಿಗೆ ಬೀಳಲೆಂದು ಹೊಲಿದ ಟೊಪ್ಪಿಗಳವು. ದಾರ ಪೋಣಿಸಿಕೊಟ್ಟವಳು ನಾನು.

"ಲಂಡನ್ನಿನಿಂದ ವೈದ್ಯರನ್ನ ಕರೆಸಬಹುದಿತ್ತು. ನೀನು ಬಸುರು ಅಂದೆ, ಯಾರೂ ಕರೆಸಲಿಲ್ಲ. ನೀನು ಕೊಂದೆ ನನ್ನಮ್ಮನ್ನ."

ವೈದ್ಯರು ಬಂದಿದ್ದರೆ ಉಳಿಯುತ್ತಿದ್ದರೇ? ಇಲ್ಲವೆಂದು ನನ್ನ ಕೈ ಹೇಳುತ್ತದೆ. ಆದರೂ ಖಾತ್ರಿಯಾಗಿ ಹೇಳಲಾರೆ.

"ಯಾಕೆ ಸುಮ್ಮನಿದ್ದೀಯ? ಊರಿಗೆಲ್ಲ ಮಾತು ಹಂಚೋಳು ನೀನು. ಏನಾದ್ರೂ ಹೇಳು."

"ನನ್ನ ಕೈ ತಪ್ತು, ಅಮ್ಮಾವ್ರೇ," ಎಂದೆ.

ಅವಳು ತಿರುಗಿ ಸಾರೋಟಿನ ಮೆಟ್ಟಿಲಿಗೆ ಕಾಲಿಟ್ಟಳು. ಮೆಟ್ಟಿಲು ಎತ್ತರವಿತ್ತು, ಅವಳು ತುಸು ವಾಲಿದಳು. ನನ್ನ ಕೈ ತಾನಾಗಿ ಅವಳ ಮೊಣಕೈಗೆ ಹೋಯಿತು.

"ಮುಟ್ಟಬೇಡ," ಎಂದಳು ಹೆನ್ರಿಯೆಟಾ. ಬಾಗಿಲ ಚೌಕಟ್ಟು ಹಿಡಿದುಕೊಂಡು ತಾನೇ ಹತ್ತಿದಳು.