ಮೊದಲ ಬಸ್ಸಿನ ಗಾಜು

ಬೆಳಗಿನ ಮೊದಲ ಬಸ್ಸು ನಿಂತುಹೋಗಿತ್ತು. ಯಾಕೆಂದು ಯಾರೂ ಹೇಳಲಿಲ್ಲ. ಒಂದು ದಿನ ಬರಲಿಲ್ಲ, ಆಮೇಲೆ ಬರಲೇ ಇಲ್ಲ. ಬಟ್ಟೆ ಕಾರ್ಖಾನೆಗೆ ಹೋಗುವ ಹೆಂಗಸರು ಕತ್ತಲಿರುವಾಗಲೇ ಗೋದಾಮುಗಳ ಹಿಂದಿನ ರಸ್ತೆಯಲ್ಲಿ ನಡೆದು ಹೋಗತೊಡಗಿದರು. ಅಲ್ಲಿ ದೀಪವೂ ಇಲ್ಲ, ಜನವೂ ಇಲ್ಲ.

ಗಾಜಣ್ಣನ ಹೆಂಡತಿಯೂ ಅವರಲ್ಲೊಬ್ಬಳು. ಕಾರ್ಖಾನೆಯಲ್ಲಿ ಅಂಗಿಗಳಿಗೆ ಕಾಲರ್ ಹೊಲಿಯುವುದು ಅವಳ ಕೆಲಸ. ಗಾಜಣ್ಣ ಬಸ್ ಡಿಪೋದಲ್ಲಿ ಗಾಜು ಕೂರಿಸುವವನು. ಅಪ್ಪ ಅಮ್ಮ ಇಟ್ಟ ಹೆಸರು ಅವನಿಗೆ ಸಂಬಳದ ದಿನ ಮಾತ್ರ ನೆನಪಾಗುತ್ತಿತ್ತು.

ಒಂದು ಸಂಜೆ ಅವಳು ಚಪ್ಪಲಿ ಬಿಡುತ್ತಲೇ ಹೇಳಿದಳು. "ರೀ, ಇವತ್ತು ಯಾವನೋ ಬೈಕಲ್ಲಿ ನಮ್ಮ ಹಿಂದೇನೇ ಬಂದ. ಕಾರ್ಖಾನೆ ಗೇಟಿನ ತನಕ."

ಗಾಜಣ್ಣ ಟೀ ಲೋಟ ಕೆಳಗಿಟ್ಟ. "ನಾಳೆಯಿಂದ ಕೆಲಸ ಬಿಟ್ಟುಬಿಡು."

"ನಾನ್ಯಾಕೆ ಬಿಡಲಿ? ಬಸ್ಸು ಬರಲಿ. ಸೋಮವಾರ ನಾವೆಲ್ಲ ಸೇರಿ ಡಿಪೋಗೆ ಮೆರವಣಿಗೆ ಹೋಗ್ತಿದ್ದೀವಿ."

"ಮೆರವಣಿಗೆಯಾ!"

ಗಾಜಣ್ಣ ಮೆರವಣಿಗೆಗಳನ್ನು ಕಂಡಿದ್ದು ಅವು ಮುಗಿದ ಮೇಲೆ ಮಾತ್ರ. ಡಿಪೋಗೆ ಎಳೆದು ತಂದ ಬಸ್ಸುಗಳ ಒಳಗೆ, ಸೀಟಿನ ಸಂದಿಗಳಲ್ಲಿ, ಗಾಜಿನ ಚೂರುಗಳಾಗಿ. ಅವನ ಅಂಗೈಯ ಗೀರುಗಳೆಲ್ಲ ಯಾರೋ ಕೂಗಿದ ಘೋಷಣೆಗಳ ಕೊನೆಯ ಸಾಲುಗಳು.

"ಮೆರವಣಿಗೆ ಅಂದ್ರೆ ಕಲ್ಲು ಕಣೇ. ಕಲ್ಲು ಅಂದ್ರೆ ಕೇಸು. ಆಮೇಲೆ ನನ್ನ ಕೆಲಸಕ್ಕೂ ಕುತ್ತು."

"ಗೋಡೆಗೆ ಕಿವಿ ಇದ್ಯೋ ಇಲ್ವೋ, ಗೋಡೆ ಈಚೆ ಇರೋ ನನಗಂತೂ ಇದೆ," ಎನ್ನುತ್ತ ಪಕ್ಕದ ಮನೆಯ ಟೀಚರಮ್ಮ ಬಾಗಿಲಿಗೆ ಬಂದರು. ಶಾಲೆಯಿಂದ ನಿವೃತ್ತರಾಗಿದ್ದರೂ ಪಾಠದಿಂದ ಆಗಿರಲಿಲ್ಲ.

"ನೀವಾದ್ರೂ ಹೇಳಿ ಟೀಚರಮ್ಮ. ಗುಂಪು ಕಟ್ಟಿಕೊಂಡು ಹೋಗೋದು ತಪ್ಪಲ್ವಾ?"

"ತಪ್ಪಲ್ಲಪ್ಪ, ಹಕ್ಕು. ಅನಿಸಿದ್ದನ್ನ ಹೇಳೋಕೆ, ಆಯುಧ ಹಿಡಿಯದೆ ಶಾಂತಿಯಿಂದ ಸೇರೋಕೆ ಸಂವಿಧಾನದಲ್ಲಿ ಎಲ್ಲರಿಗೂ ಹಕ್ಕಿದೆ. ಯಾರೂ ನಮಗೆ ದಾನ ಕೊಟ್ಟಿದ್ದಲ್ಲ."

"ಮತ್ತೆ ನಾನು ಗುಡಿಸೋ ಗಾಜು? ಅದೂ ಹಕ್ಕೇನಾ?"

"ಅಲ್ಲ. ಸಾರ್ವಜನಿಕ ಆಸ್ತಿ ಕಾಪಾಡೋದು, ಹಿಂಸೆಗೆ ಇಳಿಯದೆ ಇರೋದು ಕರ್ತವ್ಯ ಅಂತ ಅದೇ ಸಂವಿಧಾನ ಹೇಳುತ್ತೆ. ಕೆಲವರು ಹಕ್ಕಿನ ಪುಟ ಓದಿ ಪುಸ್ತಕ ಮುಚ್ಚಿಬಿಡ್ತಾರೆ. ನೀನು ಅದನ್ನೂ ಓದದೆ ಮುಚ್ಚಿದ್ದೀಯ."

ಹೆಂಡತಿ ಸೆರಗಿನಲ್ಲಿ ನಗು ಮುಚ್ಚಿಕೊಂಡಳು. ಟೀಚರಮ್ಮ ಮುಂದುವರಿಸಿದರು. "ಪೊಲೀಸ್ ಠಾಣೆಗೆ ಮೊದಲೇ ತಿಳಿಸಿ ಅನುಮತಿ ತಗೊಂಡಿದ್ದೀವಿ. ರಸ್ತೆಯ ಒಂದೇ ಬದೀಲಿ ನಡೀತೀವಿ, ಆಂಬುಲೆನ್ಸ್ ಬಂದ್ರೆ ದಾರಿ ಬಿಡ್ತೀವಿ. ಮನವಿ ಕೊಟ್ಟು ಸಹಿ ಹಾಕಿಸಿಕೊಳ್ತೀವಿ."

"ಗುಂಪಿಗೆ ತಲೆ ಇರಲ್ಲ ಟೀಚರಮ್ಮ."

"ಹಾಗಾದ್ರೆ ತಲೆ ಇರೋನು ನೀನೂ ಬಾ!"

ಸೋಮವಾರ ಅವನ ವಾರದ ರಜೆ. ಹೋದ, ಆದರೆ ಎದುರು ಬದಿಯ ಫುಟ್‌ಪಾತ್‌ನಲ್ಲಿ. ಗಲಾಟೆಯಾದರೆ ಹೆಂಡತಿಯ ಕೈ ಹಿಡಿದು ಎಳೆದುಕೊಂಡು ಬರುವುದಷ್ಟೇ ಅವನ ಲೆಕ್ಕ. ಕೆಲಸಕ್ಕೆ ರಜೆ ಹಾಕಿದ್ದ ಹೆಂಗಸರು ಊಟದ ಡಬ್ಬಿಯ ಚೀಲ ಹೆಗಲಿಗೆ ಹಾಕಿಕೊಂಡು ಟೀಚರಮ್ಮನ ಹಿಂದೆ ಸಾಲಾಗಿ ನಡೆದರು. ಡಿಪೋ ಗೇಟಿನ ಮುಂದೆ, ಬಸ್ಸು ಓಡಾಡಲು ಜಾಗ ಬಿಟ್ಟು ಕುಳಿತರು. ಮ್ಯಾನೇಜರು ಮಾತ್ರ ಹೊರಗೆ ಬರಲಿಲ್ಲ. ಬಿಸಿಲು ಏರಿತು.

ಜೊತೆಗೆ ಬಂದಿದ್ದ ಹೆಂಡತಿಯ ತಮ್ಮ, ಗೋಡೆಗೆ ಬಣ್ಣ ಬಳಿಯುವವನು, ಎದ್ದು ನಿಂತ. "ಸುಮ್ನೆ ಕೂತ್ರೆ ಯಾರು ಕೇಳ್ತಾರಕ್ಕ? ಒಂದು ಗಾಜು ಹೋಗಲಿ, ಓಡಿ ಬರ್ತಾರೆ!"

ಆ ಹೊತ್ತಿಗೇ ಒಂದು ಬಸ್ಸು ಗೇಟಿನತ್ತ ತಿರುಗಿತು. ಅವನ ಕೈಯಲ್ಲಿ ಇಟ್ಟಿಗೆಯ ಚೂರು ಕಂಡಿತು.

ಆ ಬಸ್ಸಿನ ಮುಂಗಾಜು ಗಾಜಣ್ಣನೇ ಕೂರಿಸಿದ್ದು. ರಬ್ಬರ್ ಪಟ್ಟಿಗೆ ಸೋಪಿನ ನೀರು ಸವರಿ, ಅಂಚಿನಲ್ಲಿ ದಾರ ಎಳೆದು, ಮಗುವನ್ನು ಮಲಗಿಸಿದ ಹಾಗೆ. ರಸ್ತೆ ಯಾವಾಗ ದಾಟಿದನೋ ಅವನಿಗೇ ತಿಳಿಯದು, ಭಾಮೈದನ ಮಣಿಕಟ್ಟು ಅವನ ಮುಷ್ಟಿಯಲ್ಲಿತ್ತು.

"ಬಿಡಿ ಭಾವ! ಅಕ್ಕನಿಗೋಸ್ಕರಾನೇ ಮಾಡ್ತಿರೋದು!"

"ಅಕ್ಕನಿಗಾ? ಒಳಗೆ ಆಗಲೇ ಮೂರು ಬಸ್ಸು ಗಾಜಿಲ್ಲದೆ ನಿಂತಿವೆ. ಹೋದ ಸಲದ ಗಲಾಟೇಲಿ ಒಡೆದದ್ದು. ಅದಕ್ಕೇ..."

ಗಾಜಣ್ಣ ತಡವರಿಸಿದ. ಗಾಜಿಲ್ಲದ ಬಸ್ಸುಗಳನ್ನು ದಿನವೂ ನೋಡುತ್ತಿದ್ದ. ಹೆಂಡತಿಯ ಬಸ್ಸು ನಿಂತದ್ದೂ ಅದಕ್ಕೇ ಇರಬೇಕೆಂದು ಹೊಳೆದದ್ದು ಈಗ.

"ಅದಕ್ಕೇ ಕಣೋ ನಿನ್ನ ಅಕ್ಕ ಕತ್ತಲಲ್ಲಿ ನಡೀತಿರೋದು! ಇದನ್ನೂ ಒಡಿ, ಇನ್ನೊಬ್ಬರ ಅಕ್ಕ ನಡೀತಾಳೆ. ನೆಗಡಿ ಬಂತು ಅಂತ ಮೂಗು ಕೊಯ್ದುಕೊಳ್ತಾರೇನೋ?"

ಇಟ್ಟಿಗೆಯ ಚೂರು ನೆಲಕ್ಕೆ ಬಿತ್ತು. ಬಸ್ಸು ಒಳಗೆ ಹೋಯಿತು.

ಕೊನೆಗೂ ಮ್ಯಾನೇಜರು ಬಂದು ಮನವಿ ಓದಿದರು. "ಕೊಡಬೇಕು ಅಂತ ನಂಗೂ ಇದೆಯಮ್ಮ. ಆದರೆ ಬಸ್ಸೇ ಇಲ್ವಲ್ಲ?"

ಹೆಂಡತಿ ತಿರುಗಿ ಗಂಡನನ್ನು ನೋಡಿದಳು. ಗಾಜಣ್ಣ ಒಂದು ಹೆಜ್ಜೆ ಮುಂದೆ ಬಂದ.

"ಬಸ್ಸಿದೆ ಸರ್, ಗಾಜಿಲ್ಲ. ನೀವು ತರಿಸಿ, ರಜೆ ದಿನವಾದ್ರೂ ಬಂದು ನಾನು ಕೂರಿಸ್ತೀನಿ."

"ಓಹೋ, ನೀನೂ ಇವರ ಕಡೆಯಾ?"

"ಬೆಳಗ್ಗೆ ಆ ಕಡೆ ಫುಟ್‌ಪಾತ್‌ನಲ್ಲಿದ್ದೆ ಸರ್. ಈಗ ಈ ಕಡೆ."

ಹೆಂಗಸರೆಲ್ಲ ನಕ್ಕರು. ಮ್ಯಾನೇಜರಿಗೂ ನಗು ತಡೆಯಲಾಗಲಿಲ್ಲ. ಗಾಜು ತರಿಸುವುದಾಗಿ ಒಪ್ಪಿ, ಮನವಿಯ ನಕಲಿಗೆ ಸಹಿ ಹಾಕಿದರು. "ಮೊಹರೂ ಇರಲಿ," ಎಂದರು ಟೀಚರಮ್ಮ.

ಕೆಲವು ದಿನಗಳಾದ ಮೇಲೆ ಒಂದು ಮುಂಜಾನೆ, ಕತ್ತಲನ್ನು ಸೀಳಿಕೊಂಡು ಮೊದಲ ಬಸ್ಸು ಬಂತು. ಹೆಂಡತಿ ಮುಂದಿನ ಸೀಟಿನಲ್ಲಿ ಕುಳಿತು ಕಿಟಕಿಯಿಂದ ಕೇಳಿದಳು. "ಗಟ್ಟಿಯಾಗಿ ಕೂರಿಸಿದ್ದೀರಿ ತಾನೇ?"

"ಕಲ್ಲು ಬೀಳದಿದ್ರೆ ಬಸ್ಸಿಗಿಂತ ಹೆಚ್ಚು ಬಾಳುತ್ತೆ," ಎಂದು ಗಾಜಣ್ಣ ಪಕ್ಕಕ್ಕೆ ನೋಡಿದ.

"ನನ್ನ ಮುಖ ಯಾಕೆ ನೋಡ್ತೀರಿ ಭಾವ?" ಎಂದ ಭಾಮೈದ.

ಇದನ್ನು ಓದುತ್ತಿರುವವರೇ, ನಿಮ್ಮ ಬೀದಿಯಲ್ಲೂ ಏನೋ ಒಂದು ನಿಂತುಹೋಗಿರುತ್ತದೆ. ಬಸ್ಸೋ, ನಲ್ಲಿಯ ನೀರೋ, ಬೀದಿ ದೀಪವೋ. ಕೇಳಿ. ಜೊತೆ ಸೇರಿ ಕೇಳಿ, ಬರೆದು ಕೊಟ್ಟು ಕೇಳಿ, ಉತ್ತರ ಬರುವ ತನಕ ಕೇಳಿ. ಅದು ನಿಮ್ಮ ಹಕ್ಕು. ಕೇಳುವಾಗ ಕೈಯಲ್ಲಿ ಕಲ್ಲು ಇರದಿರಲಿ, ಅದು ನಿಮ್ಮ ಕರ್ತವ್ಯ. ಏಕೆಂದರೆ ಒಡೆಯುವ ಬಸ್ಸು ನಿಮ್ಮದೇ. ನಾಳೆ ಕತ್ತಲಲ್ಲಿ ನಿಂತು ಅದಕ್ಕಾಗಿ ಕಾಯುವವರೂ ನಿಮ್ಮ ಮನೆಯವರೇ.