ಬಿಳಿ ಹತ್ತಿದ ಕೈ

ಸುಣ್ಣವಲ್ಲ ಇದು, ಸುಣ್ಣವಾಗಿದ್ದರೆ ಮೂರು ಸಲ ಉಜ್ಜಿದ ಮೇಲೆ ಹೋಗಬೇಕಿತ್ತು, ಮೊಣಕೈ ಮೂಳೆಯ ಮೇಲೆ ಎಂಟಾಣೆ ಅಗಲದ ಬಿಳಿ, ನೋವಿಲ್ಲ, ತುರಿಕೆಯಿಲ್ಲ — ದಾನೇಶ್ವರಿ ಬಚ್ಚಲಕಲ್ಲಿನ ಮೇಲೆ ಕೂತು ಉಗುರಿನಿಂದ ಕೆರೆದಳು, ಉಗುರಿನ ಸಂದಿಗೆ ಎಣ್ಣೆಪಸೆಯ ಪುಡಿ ಬಂತು, ಮೂಸಿದಳು, ಯಾರೂ ನೋಡುತ್ತಿಲ್ಲವಲ್ಲ ಎಂದು ನಾಲಿಗೆಗೂ ಇಟ್ಟುಕೊಂಡಳು, ಸಿಹಿ, ಒಳ್ಳೇ ಕೊಬ್ಬರಿ, ಒಂದಿಷ್ಟೂ ಕಮಟಿಲ್ಲ, ಹೆದರಬೇಕಾದ ಹೊತ್ತಿನಲ್ಲಿ ರುಚಿ ನೋಡುತ್ತಿದ್ದೇನಲ್ಲ, ಹುಟ್ಟುಗುಣ ಸುಟ್ಟರೂ ಹೋಗದು. ಹೊರಗೆ ನೊಣವಿನಕೆರೆ ಬಸ್ಸಿನ ಹಾರನ್ನು, ಆಗಲೇ ಹನ್ನೊಂದಾಯಿತು, ಊರಿಗೆಲ್ಲ ಹತ್ತಿರುವ ಬಿಳಿ ನನಗೂ ಹತ್ತಿತು ಹಾಗಾದರೆ. ಯುಗಾದಿ ಕಳೆದ ಮೇಲೆ ಶುರುವಾದದ್ದು, ಮೊದಲು ಪಕ್ಕದ ಮನೆ ಮಂಜಮ್ಮನ ಒರಳುಕಲ್ಲು, ಮಿಕ್ಸಿ ಬಂದಾಗಿನಿಂದ ಮೂಲೆ ಹಿಡಿದಿದ್ದ ಕಲ್ಲು, ಇರುವೆ ಸಾಲು ಹತ್ತಿದೆಯಲ್ಲ ಯಾಕೆ ಎಂದು ಬಗ್ಗಿ ನೋಡಿದರೆ ಅರ್ಧ ಕೊಬ್ಬರಿ, ಆಮೇಲೆ ಹುಚ್ಚರಂಗಯ್ಯನ ನೇಗಿಲು, ಗುಳದ ಸಮೇತ. ಹನ್ನೊಂದು ತಿಂಗಳು ಮನೆಯವರ ಕೈ ಬೀಳದ್ದು ಕಲ್ಲೋ ಕಬ್ಬಿಣವೋ ಏನೇ ಇರಲಿ, ಅಟ್ಟದಲ್ಲಿಟ್ಟ ತೆಂಗಿನಕಾಯಿಯ ಹಾಗೆ ತನ್ನಷ್ಟಕ್ಕೆ ಕೊಬ್ಬರಿಯಾಗುತ್ತದೆ, ಕೂಲಿಯವರು ಮುಟ್ಟಿದರೆ ನಿಲ್ಲದು, ನೆಂಟರು ಮುಟ್ಟಿದರೂ ನಿಲ್ಲದು, ಮನೆಯವರು ಮುಟ್ಟಿದರೆ ಅಲ್ಲಿಗೆ ನಿಲ್ಲುತ್ತದೆ, ಆಗಿದ್ದು ಮಾತ್ರ ಹಿಂದಕ್ಕೆ ಬರಕಿಲ್ಲ ಕಣಮ್ಮ, ಅರ್ಧ ಒರಳು ಉಳಿಸ್ಕಂಡೆ, ಇನ್ನರ್ಧ ತುರಿದು ಒಬ್ಬಟ್ಟು ಮಾಡ್ಕಂಡು ತಿಂದ್ವಿ ಎಂದು ಮಂಜಮ್ಮ ನಗುತ್ತಲೇ ಹೇಳಿದ್ದಳು.

ಅವತ್ತಿನಿಂದ ದಾನೇಶ್ವರಿ ಮನೆಯಲ್ಲಿ ಮುಟ್ಟದ್ದೇ ಇಲ್ಲ, ಕಂಬ, ತೊಲೆ, ಟ್ರಂಕು, ಸತ್ತ ಅತ್ತೆಯ ಕನ್ನಡಕ, ಗೋಡೆಯ ಮೊಳೆ ಕೂಡ, ಇಷ್ಟೆಲ್ಲ ಮುಟ್ಟಿದ ಕೈಗೆ ಎಲ್ಲಿಂದ ಬಂತು ಬಿಳಿ, ಕಂಬವನ್ನು ನಾನು ಮುಟ್ಟಿದರೆ ಕಂಬವೂ ನನ್ನನ್ನು ಮುಟ್ಟಿದ ಹಾಗಲ್ಲವೇ, ಅಲ್ಲ, ಕಂಬ ಮನೆಯದು, ಮನೆಯವರಲ್ಲ. ಮನೆಯವರು ಎಂದು ಈ ಮನೆಯಲ್ಲಿ ಇರುವುದು ಗಂಡ ಮಲ್ಲಿಕಾರ್ಜುನಯ್ಯ ಒಬ್ಬರೇ, ತನ್ನನ್ನು ತಾನೇ ಮುಟ್ಟಿಕೊಂಡದ್ದು ಲೆಕ್ಕಕ್ಕಿಲ್ಲ, ಅವರ ಕೈ ತನ್ನ ಮೈಗೆ ತಾಗಿ — ಎಣಿಸಬೇಕಿಲ್ಲ, ಹನ್ನೊಂದು ತಿಂಗಳ ಹಿಂದೆ ಕಾಯಿ ಅಟ್ಟಕ್ಕೆ ಹಾಕಿದ ದಿನವೇ ಕೊನೆ. ಅಂಗಳದಿಂದ ಅಟ್ಟದವರೆಗೆ ಜನ ಸಾಲು ನಿಂತು ಕೈಯಿಂದ ಕೈಗೆ ಕಾಯಿ ದಾಟಿಸುತ್ತಿದ್ದರು, ಏಣಿಯ ಬುಡದಲ್ಲಿ ತಾನು, ಮೇಲೆ ಅವರು, ಒಂದು ಕಾಯಿಯ ಅಡಿಯಲ್ಲಿ ಇಬ್ಬರ ಬೆರಳೂ ತಾಗಿದ್ದವು, ಆಗಲೇ ನನ್ನ ಈ ಹಾಳು ಬಾಯಿ ಅಂದುಬಿಟ್ಟಿತು, ರೀ ಇವು ಬಲ್ತಿಲ್ಲ, ಅಟ್ಟದಲ್ಲೇ ಕೊಳೀತವೆ, ಕಾಯಿ ನೋಡಿ ಕೆಡವೋದು ನಿಮ್ಮಪ್ಪನ ಜೊತೆಗೇ ಹೋಯ್ತು ಬುಡಿ. ಸಾಲಿಗೆ ಸಾಲೇ ನಕ್ಕಿತು, ಹುಚ್ಚರಂಗಯ್ಯ ಟವಲು ಬಾಯಿಗೆ ಒತ್ತಿಕೊಂಡು ನಕ್ಕ, ಅವರು ಮಾತ್ರ ರೇಗಲಿಲ್ಲ, ಕೆಳಗಿಡು, ನಾನೇ ತಗತೀನಿ ಅಂದರು, ಅಷ್ಟೇ. ಅವತ್ತಿನಿಂದ ಕಾಫಿ ಲೋಟ ಕಟ್ಟೆಯ ಮೇಲೆ, ಟವಲು ಬಾಗಿಲ ಮೇಲೆ, ಮಾತಿದೆ, ಊಟವಿದೆ, ಕೈಯಿಂದ ಕೈಗೆ ಒಂದು ಬೀಗದ ಕೈಯೂ ದಾಟಿಲ್ಲ, ಗಂಡ ಹೆಂಡಿರ ಜಗಳ ಉಂಡು ಮಲಗೋ ತನಕ ಅನ್ನುತ್ತಾರೆ, ಉಂಡೂ ಆಯಿತು, ಮಲಗಿಯೂ ಆಯಿತು, ಮುನ್ನೂರು ಸಲ. ಅವರೇ ಮೊದಲು ಬರಲಿ ಎಂದು ತಾನು, ಅವಳೇ ಬರಲಿ ಎಂದು ಅವರೂ ಕಾದಿರಬಹುದು. ಚಿಕ್ಕನಾಯಕನಹಳ್ಳಿ ಕಡೆ ಯಾರೋ ಒಬ್ಬಳಿಗೆ ಭುಜದ ತನಕ ಹತ್ತಿ, ಮಾತು ಬಿಟ್ಟಿದ್ದ ಅತ್ತಿಗೆ ಬಂದು ಹಿಡಿದುಕೊಂಡ ಮೇಲೆ ನಿಂತಿತಂತೆ, ನನಗೆ ಎಲ್ಲಿಯ ತನಕ ಬರುತ್ತದೆ, ಭುಜ ದಾಟಿದರೆ ಎದೆ, ಎದೆಯೊಳಗಿನದೂ ಕೊಬ್ಬರಿಯ ಹಾಗೆ ಒಣಗಿ ಚಿಪ್ಪು ಬಿಡುತ್ತದೆಯೋ, ನಡೆದರೆ ಗಡಗಡ ಎನ್ನುತ್ತದೆಯೋ, ಎನ್ನುವ ಹೊತ್ತಿಗೆ ಕೇಳಲು ನಾನಿರುತ್ತೇನೋ. ಈಗ ಭಯವಾಯಿತು.

ದಾನಿ, ಮಂಕರಿ ತಗಂಬಾ, ಅಟ್ಟದಿಂದ ಅವರ ಕೂಗು, ಇವತ್ತು ಕಾಯಿ ಇಳಿಸುವ ದಿನ, ಮರೆತೇಹೋಗಿತ್ತು, ಸೆರಗನ್ನು ಮೊಣಕೈ ತನಕ ಹೊದ್ದು ಮಂಕರಿ ಬುಟ್ಟಿ ಹಿಡಿದು ಏಣಿಯ ಬುಡಕ್ಕೆ ಬಂದಳು. ಮೇಲೆ ಕತ್ತಲಿನಲ್ಲಿ ಅವರು ಒಂದು ಕಾಯಿ ಎತ್ತಿ ಕಿವಿಯ ಹತ್ತಿರ ಅಲ್ಲಾಡಿಸಿದರು, ಗಡಗಡ, ಇನ್ನೊಂದು, ಗಡಗಡ, ಮತ್ತೊಂದು, ನೀರಿನ ಸದ್ದೇ ಇಲ್ಲ, ಒಂದೂ ಕೊಳೆತಿಲ್ಲ, ಎಲ್ಲ ಬಲಿತ ಕಾಯೇ, ಐದು ಜನರ ಮುಂದೆ ಅಂದದ್ದು ಸುಳ್ಳು, ಸತ್ತ ಮಾವನನ್ನು ಬೇರೆ ಎಳೆದು ತಂದಿದ್ದೆ. ನೋಡ್ದಾ ಅನ್ನಬಹುದಿತ್ತು, ಅನ್ನಲಿಲ್ಲ, ಕಾಯಿಯನ್ನು ಮಂಕರಿಗೆ ಎಸೆಯಬಹುದಿತ್ತು, ಎಸೆಯಲಿಲ್ಲ, ಬಗ್ಗಿ ಕೈ ಚಾಚಿದರು, ಕಂದು ಸಿಪ್ಪೆಯ ಮೇಲೆ ಅವರ ಹೆಬ್ಬೆರಳು, ಬುಡದ ತನಕ ಬಿಳಿ. ಅವರಿಗೂ, ಅವರನ್ನು ಮುಟ್ಟುವ ಮನೆಯವರು ಇನ್ಯಾರು, ನಾನೊಬ್ಬಳೇ ಅಲ್ಲವೇ, ಹನ್ನೊಂದು ತಿಂಗಳೂ ನನ್ನ ಕಡೆಯಿಂದಲೇ ಎಣಿಸಿದೆನಲ್ಲ, ಥೂ ನನ್ನ ಬುದ್ಧಿಗಿಷ್ಟು. ಯಾವತ್ತಿಂದ ರೀ ಅಂದಳು, ಮೊನ್ನೆಯಿಂದ ಅಂದರು, ಯಾಕೆ ಹೇಳ್ಲಿಲ್ಲ, ಹೇಳಿದ್ರೆ ನೀನು ಕರುಣೆಗೆ ಮುಟ್ತಿದ್ದೆ ಕಣೇ, ಅದು ಬೇಕಿರಲಿಲ್ಲ. ಕಾಯಿ ಬಲ್ತಿದ್ವು ಕಣ್ರೀ, ನಂದೇ ತಪ್ಪು, ಅಂದಳು, ಹೇಳುವುದು ಇಷ್ಟು ಸಲೀಸೇ, ಮಂಕರಿ ಕೆಳಗೆ ಬಿತ್ತು, ಎರಡು ಮೆಟ್ಟಿಲು ಹತ್ತಿದಳು, ಕಾಯಿಯನ್ನಲ್ಲ, ಬೆರಳನ್ನು ಹಿಡಿದಳು, ನುಣುಪು, ತಣ್ಣಗೆ, ತುದಿಯಲ್ಲಿ ಉಗುರು ಮಾತ್ರ ಇನ್ನೂ ಉಗುರು, ಗೊತ್ತಾಯ್ತದಾ ರೀ, ಏನು, ನಾನು ಹಿಡ್ಕಂಡಿರೋದು. ಅವರು ಅವಳ ಕೈಯನ್ನೇ ನೋಡಿದರು, ಬೆರಳಿಗೆ ಗೊತ್ತಾಯ್ತಿಲ್ಲ ಕಣೇ ಅಂದರು, ಬಿಡು ಅನ್ನಲಿಲ್ಲ, ಬೆರಳಿಗಿಲ್ಲ, ಬಿಳಿ ಮುಗಿಯುವಲ್ಲಿ ಚರ್ಮ ಬೆಚ್ಚಗಿದೆ, ಅಲ್ಲಿಂದ ಈಚೆಗೆ ಬರುವುದಿಲ್ಲ ಇನ್ನು, ಅಲ್ಲಿಂದ ಆಚೆಗೆ ಬೆರಳಿಗಿಲ್ಲ, ನನ್ನ ಮೊಣಕೈಯದೂ ಎಂಟಾಣೆಗೇ ನಿಂತಿತು, ಇವರದನ್ನು ಮೂರೇ ದಿನ ಮುಂಚೆ ಹಿಡಿದಿದ್ದರೆ, ಮೂರೇ ದಿನ, ಈ ಹೆಬ್ಬೆರಳು, ಬಿಳಿ ಹೆಬ್ಬೆರಳು, ತನ್ನ ಮುಷ್ಟಿಯೊಳಗೆ ಅವರ ಹೆಬ್ಬೆರಳು —