ಎಡಗಡೆಯ ಗಾಲಿ

೧೯೭೪ರ ಮಳೆಗಾಲ ಮುಗಿಯುವ ಹೊತ್ತಿಗೆ ಶಾಬುದ್ದೀನನ ಪ್ಲಿಮತ್ ಕಾರಿನ ಹಿಂದಿನ ಗಾಲಿಗಳೆರಡೂ ಸೋತಿದ್ದವು. ಬಲಗಡೆಯ ಗಾಲಿಯ ಟಾಯರು ಸವೆದು ಅದರ ಮೇಲಿನ ಗೀರುಗಳು ಅಳಿಸಿಹೋಗಿದ್ದವು. ಎಡಗಡೆಯದರ ಸ್ಥಿತಿ ಇನ್ನೂ ಕೆಟ್ಟದಾಗಿತ್ತು. ಟಾಯರು ಒಡೆದದ್ದಲ್ಲದೆ ಕಬ್ಬಿಣದ ಡಿಸ್ಕೂ ಬೋಲ್ಟಿನ ತೂತುಗಳ ಸುತ್ತ ಬಿರಿದಿತ್ತು. ಕಾರು ತಯಾರಾಗಿ ಇಪ್ಪತ್ತೈದು ವರ್ಷಗಳ ಮೇಲಾಗಿದ್ದವು. ಅದರ ಸಾಮಾನು ಅಂಗಡಿಗಳಲ್ಲಿ ಸಿಗುವುದು ಯಾವಾಗಲೋ ನಿಂತುಹೋಗಿತ್ತು.

ಅದೇ ಸಮಯಕ್ಕೆ ಕೆಲಸವೊಂದು ಬಂದಿತ್ತು. ಪಟ್ಟದಕಲ್ಲಿನ ಗುಡಿಗಳ ಅಳತೆ ತೆಗೆದು ನಕ್ಷೆ ಬರೆಯಲು ಬಂದ ತಂಡ ಬದಾಮಿಯಲ್ಲಿ ಇಳಿದುಕೊಂಡಿತ್ತು. ಅದರ ಮುಖ್ಯಸ್ಥ ರಾಚಯ್ಯ ಎಂಬ ಎಂಜಿನಿಯರು. ದೀಪಾವಳಿಯಿಂದ ಬೇಸಿಗೆಯವರೆಗೆ ದಿನಾಲೂ ಹೋಗಿಬರಲು ಅವರಿಗೆ ಒಂದು ಕಾರು ಬೇಕಿತ್ತು. ಅವರ ಷರತ್ತು ಒಂದೇ. ಗಾಡಿ ನಡುದಾರಿಯಲ್ಲಿ ನಿಂತರೆ ಮರುದಿನದಿಂದ ಬೇರೆ ಗಾಡಿ. ಬದಾಮಿಯಲ್ಲಿ ಹೊಸ ಅಂಬಾಸಿಡರ್ ಇಟ್ಟವನೊಬ್ಬ ಆ ಬೇರೆ ಗಾಡಿ ತನ್ನದಾಗಲಿ ಎಂದು ಕಾಯುತ್ತಲೇ ಇದ್ದ.

ಪ್ಲಿಮತ್ ಕೊಂಡದ್ದು ಮನೆಯಲ್ಲಿದ್ದದ್ದನ್ನೆಲ್ಲ ಮಾರಿ. ಶಾಬುದ್ದೀನನ ತಂದೆ ಖಾಸಿಂಸಾಬರ ಟಾಂಗಾ, ಕುದುರೆ, ಶಾಬುದ್ದೀನನ ಹೆಂಡತಿ ಅಬೇದಾಳ ಚಿನ್ನದ ಪಾಟ್ಲಿ ಬಳೆ ಎಲ್ಲವೂ ಅದರಲ್ಲಿ ಹೋಗಿದ್ದವು. ಈ ಕೆಲಸ ಬೇಸಿಗೆಯವರೆಗೆ ನಡೆದರೆ ಕಾರು ಉಳಿಯುತ್ತದೆ, ಇಲ್ಲವಾದರೆ ಇಲ್ಲ ಎಂಬುದು ಮನೆಯಲ್ಲಿ ಎಲ್ಲರಿಗೂ ಗೊತ್ತಿತ್ತು.

ಶಾಬುದ್ದೀನ ಹುಬ್ಬಳ್ಳಿಯ ಗ್ಯಾರೇಜಿನಲ್ಲಿ ಕೆಲಸ ಕಲಿತವನು. ಗಾಲಿಯ ಡಿಸ್ಕಿನ ಮೇಲೆ ರಟ್ಟು ಇಟ್ಟು, ಐದು ತೂತುಗಳ ಗುರುತು ಒತ್ತಿ, ನಡುವಿನ ದೊಡ್ಡ ತೂತನ್ನೂ ಕತ್ತರಿಸಿಕೊಂಡ. ಜೀಪಿನ ಡಿಸ್ಕಿಗೂ ಐದೇ ತೂತು. ಆದರೆ ಅವು ಒಂದರಿಂದೊಂದು ದೂರ ಇರುವುದರಿಂದ ಈ ಕಾರಿಗೆ ಕೂಡುವುದಿಲ್ಲ. ಟಾಯರಿನ ಮಾತು ಬೇರೆ. ಜೀಪಿನ ಟಾಯರೂ ಪ್ಲಿಮತ್ತಿನ ಟಾಯರೂ ಒಂದೇ ಅಳತೆಯವು. ಅಡ್ಡಗಲ ಆರು ಇಂಚು, ಒಳಗಿನ ಬಾಯಿ ಹದಿನಾರು. ಇಳಕಲ್ಲಿನಲ್ಲಿ ಕಲ್ಲುಗಣಿಗಳ ಹಳೆಯ ಗಾಡಿಗಳನ್ನು ಒಡೆದು ಮಾರುವ ಅಂದಪ್ಪನ ಬಳಿ ಡಿಸ್ಕೂ ಟಾಯರೂ ಸಿಗುತ್ತವೆ ಎಂಬ ಸುದ್ದಿ ಬಂದಾಗ ರಟ್ಟನ್ನು ಸುತ್ತಿಕೊಂಡು ಹೊರಟ.

"ನಾನೂ ಬರ್ತೇನಿ," ಎಂದರು ಖಾಸಿಂಸಾಬರು. "ಗಾಲಿ ತರೂ ಕೆಲಸಕ್ಕ ನನ್ನ ಬಿಟ್ಟು ಹೋಗ್ತಿಯೇನ?"

ಬಿಟ್ಟುಹೋಗುವ ಹಾಗಿರಲಿಲ್ಲ. ಬದಾಮಿಯ ಟಾಂಗಾ ಅಡ್ಡಾದಲ್ಲಿ ಯಾವ ಗಾಡಿಗೆ ಹೊಸ ಗಾಲಿ ಬಂದರೂ ಖಾಸಿಂಸಾಬರು ಅದನ್ನು ತಿರುಗಿಸಿ, ಕಿವಿಗೊಟ್ಟು ಕೇಳಿ, ಮೇಲೆ ಕೈಯಿಟ್ಟು ಬಿಸ್ಮಿಲ್ಲಾ ಅನ್ನಬೇಕು. ಆಮೇಲೆಯೇ ಸವಾರಿ ಹತ್ತಿಸುವುದು. ಕುದುರೆ ಮಾರಿದ ಮೇಲೂ ಆ ಗೌರವ ಅವರಿಗೆ ಉಳಿದಿತ್ತು. ಬೇರೇನೂ ಉಳಿದಿರಲಿಲ್ಲ.

ಅಂದಪ್ಪನ ಅಂಗಳದಲ್ಲಿ ರಟ್ಟಿಗೆ ಸರಿಯಾಗಿ ಹೊಂದುವ ಡಿಸ್ಕು ಸಿಕ್ಕಿತು. ಆಮೇಲೆ ಅವನು ಎರಡು ಟಾಯರುಗಳನ್ನು ಉರುಳಿಸಿಕೊಂಡು ಬಂದ.

"ಇವೆರಡೂ ಒಂದ ಜೀಪಿನಿಂದ ಇಳಿದಾವು ನೋಡ್ರಿ. ಅರ್ಧ ಸವದಾವು, ಆದ್ರ ಎರಡೂ ಸರಿಸಮ ಸವದಾವು, ಅಣ್ಣತಮ್ಮರಂಗ."

ಶಾಬುದ್ದೀನ ಎರಡರ ಸುತ್ತಲೂ ದಾರ ಹಿಡಿದು ಅಳೆದ. ಕೂದಲೆಳೆಯ ಅಂತರವೂ ಇರಲಿಲ್ಲ. "ಇವನ್ನ ಒಯ್ತೇವ್ರಿ," ಎಂದ.

ಖಾಸಿಂಸಾಬರ ಕಣ್ಣು ಗೋಡೆಗೆ ಆನಿಸಿಟ್ಟ ಇನ್ನೊಂದು ಟಾಯರಿನ ಮೇಲಿತ್ತು. ಅದು ಹೊಸದು, ಅದರ ರಬ್ಬರಿನ ಮುಳ್ಳುಗಳು ಕೂಡ ಉದುರಿರಲಿಲ್ಲ. ಆ ವರ್ಷ ಹೊಸ ಟಾಯರು ಎಲ್ಲಿಯೂ ಸಿಗುತ್ತಿರಲಿಲ್ಲ.

"ಅದೇನದು?"

"ಅದು ಆರೂವರಿ ಐತ್ರಿ, ಸಾಹೇಬ್ರ. ನಿಮ್ಮ ಗಾಡೀದು ಆರು."

"ಒಳಗಿನ ಬಾಯಿ?"

"ಬಾಯಿ ಎರಡೂ ಹದಿನಾರ."

"ಹಂಗಾರ ಕೂಡ್ತೈತಿ."

"ಕೂಡೂದು ಕೂಡ್ತೈತ್ರಿ..." ಎಂದು ಅಂದಪ್ಪ ಶಾಬುದ್ದೀನನ ಮುಖ ನೋಡಿದ. "ಜೋಡಿಗೆ ಕೊಡೂ ರೊಕ್ಕದಾಗ ಅದನ್ನ ಕೊಡ್ತೇನಿ. ಆದ್ರ ಒಂದ ಐತಿ."

"ಒಂದ ಸಾಕು. ಎಡಕ್ಕ ಇದು, ಬಲಕ್ಕ ಗಾಡ್ಯಾಗಿರೂ ಹಳೇದ ಇರ್ಲಿ."

ಟಾಂಗಾದವರ ಲೆಕ್ಕವದು. ರಸ್ತೆ ನಡುವೆ ಉಬ್ಬಿ ಅಂಚಿಗೆ ಇಳಿದಿರುತ್ತದೆ. ಎಡಗಡೆ ಹಿಡಿದು ಓಡುವ ಗಾಡಿ ಯಾವಾಗಲೂ ಎಡಕ್ಕೆ ವಾಲುತ್ತದೆ. ಆದ್ದರಿಂದ ಅವರು ಎತ್ತರದ ಗಾಲಿಯನ್ನು ಎಡಕ್ಕೆ ಹಾಕುತ್ತಿದ್ದರು. ಸವಾರಿ ಮಟ್ಟಸವಾಗಿ ಕೂರುತ್ತಿತ್ತು, ಕುದುರೆಯ ಒಂದೇ ಹೆಗಲಿಗೆ ಭಾರ ಬೀಳುತ್ತಿರಲಿಲ್ಲ. ಟಾಂಗಾದ ಮಟ್ಟಿಗೆ ಅದು ತಪ್ಪೇನಲ್ಲ. ಅಚ್ಚು ತಿರುಗದೆ ನಿಂತಿರುತ್ತದೆ, ಗಾಲಿಗಳು ಅದರ ಮೇಲೆ ತಮ್ಮ ಪಾಡಿಗೆ ತಾವು ತಿರುಗುತ್ತವೆ. ಒಂದರ ಗೊಡವೆ ಇನ್ನೊಂದಕ್ಕಿಲ್ಲ.

ಕಾರಿನ ಹಿಂದಿನ ಗಾಲಿಗಳು ಹಾಗಲ್ಲ. ಎಂಜಿನ್ನಿನ ಶಕ್ತಿ ಅವೆರಡಕ್ಕೂ ಹಂಚಿಕೆಯಾಗುವುದು ನಡುವಿನ ಡಬ್ಬಿಯಲ್ಲಿರುವ ಹಲ್ಲುಗಾಲಿಗಳ ಮೂಲಕ. ತಿರುವಿನಲ್ಲಿ ಹೊರಗಿನ ಗಾಲಿ ಹೆಚ್ಚು ದೂರ ಓಡಬೇಕು, ಒಳಗಿನದು ಕಡಿಮೆ. ಆ ವ್ಯತ್ಯಾಸವನ್ನು ಡಬ್ಬಿಯೊಳಗಿನ ಸಣ್ಣ ಹಲ್ಲುಗಾಲಿಗಳು ಸುತ್ತಿ ಸರಿದೂಗಿಸುತ್ತವೆ. ತಿರುವು ಮುಗಿದರೆ ಅವು ಸುತ್ತುವುದನ್ನು ನಿಲ್ಲಿಸುತ್ತವೆ. ಒಂದು ಗಾಲಿ ದೊಡ್ಡದು, ಇನ್ನೊಂದು ಸಣ್ಣದು ಆದರೆ ನೇರ ರಸ್ತೆಯೂ ಅವುಗಳಿಗೆ ಮುಗಿಯದ ತಿರುವು. ಎಡೆಬಿಡದೆ ಸುತ್ತಿ, ಕಾದು, ಒಂದು ದಿನ ಕಚ್ಚಿಕೊಳ್ಳುತ್ತವೆ.

ಶಾಬುದ್ದೀನನಿಗೆ ಇದೆಲ್ಲ ತಿಳಿದಿತ್ತು. "ಅಬ್ಬಾ, ಜೋಡೀನ ಒಯ್ಯೂಣು," ಎಂದ.

"ನಿಂದ್ರು," ಎಂದರು ಖಾಸಿಂಸಾಬರು, ಮಗನ ಕಡೆ ತಿರುಗದೆ. ಹೊಸ ಟಾಯರಿನ ಮೇಲೆ ಕೈಯಿಟ್ಟಾಗಿತ್ತು.

ಹುನಗುಂದದ ಬಸ್ ಸ್ಟ್ಯಾಂಡಿನಲ್ಲಿ ಬದಾಮಿಯ ಬಸ್ಸಿಗೆ ಕಾಯುತ್ತ, ಟಾಯರಿನ ಮೇಲೆಯೇ ಕುಳಿತು ಶಾಬುದ್ದೀನ ಇನ್ನೊಮ್ಮೆ ಬಾಯಿ ತೆಗೆದ. ಟಾಂಗಾ ಬೇರೆ, ಕಾರು ಬೇರೆ ಎಂಬುದನ್ನು ಬೆರಳಿನಲ್ಲಿ ನೆಲದ ಮೇಲೆ ಗೀಚಿ ತೋರಿಸಿದ. ಇಳಕಲ್ಲಿಗೆ ತಿರುಗಿ ಹೋಗಲು ಇನ್ನೂ ಹೊತ್ತಿತ್ತು.

ಖಾಸಿಂಸಾಬರು ಗೀಚಿದ್ದನ್ನು ನೋಡಿದರು. ಅರ್ಥವಾಗಲಿಲ್ಲವೆಂದಲ್ಲ. ಒಂದು ಕ್ಷಣ ಅವರ ಹುಬ್ಬು ಗಂಟಿಕ್ಕಿ ಸಡಿಲವಾಯಿತು. "ಹುಬ್ಬಳ್ಳ್ಯಾಗ ಪಾನಾ ಹಿಡಿದು ಬಂದಿ, ಭಾಳ ಶ್ಯಾಣ್ಯಾ ಆಗಿ. ನಾಳಿಗೆ ಅಡ್ಡಾದಾಗ ಎಲ್ಲಾರ ಮುಂದ ಹೇಳು. ನಮ್ಮಪ್ಪಗ ಗಾಲಿ ತಿಳಿಯಂಗಿಲ್ಲಂತ ಹೇಳು. ಹೇಳ್ತಿಯೇನ?"

ಶಾಬುದ್ದೀನ ಗೀಚಿದ್ದನ್ನು ಚಪ್ಪಲಿಯಿಂದ ಅಳಿಸಿದ.

ಅಡ್ಡಾದಲ್ಲಿ ಮರುದಿನ ಜನ ನೆರೆದಿದ್ದರು. ಹೊಸ ಟಾಯರನ್ನು ಮುಟ್ಟಿ ನೋಡಲೆಂದೇ ಬಂದವರಿದ್ದರು. ಖಾಸಿಂಸಾಬರು ಗಾಲಿ ತಿರುಗಿಸಿ ಕೇಳಿದರು, ಕೈಯಿಟ್ಟು ಬಿಸ್ಮಿಲ್ಲಾ ಅಂದರು. "ಮೋಟಾರಕ್ಕೂ ನೀವ ಬೇಕಾದ್ರಿ, ಕಾಕಾ!" ಎಂದು ಒಬ್ಬ ಕೂಗಿದ. ಅವರು ನಕ್ಕದ್ದನ್ನು ಶಾಬುದ್ದೀನ ಬಹಳ ದಿನಗಳ ಮೇಲೆ ನೋಡಿದ.

ಮನೆಯಲ್ಲಿ ಅಬೇದಾ ನಗಲಿಲ್ಲ. ರೊಟ್ಟಿ ಬಡಿಯುತ್ತಲೇ ಕೇಳಿದಳು. "ಜೋಡೀ ಟಾಯರ ತರಾಕ ಹೋದವ್ರು ಒಂಟೀದು ತಂದ್ರಿ?"

"ಅಬ್ಬಾ ಆರ್ಸಿದ್ರು."

"ನಿಮಗ ಗೊತ್ತಿರ್ಲಿಲ್ಲೇನು?"

"ಗೊತ್ತಿತ್ತು."

"ಪಾಟ್ಲಿ ಮಾರೂ ಮುಂದ ನನ್ನ ಕೇಳಿದ್ರಿ. ಅವನ್ನ ಮುಳಗಸೂ ಮುಂದ ಕೇಳೂದು ಬ್ಯಾಡ ಅನಸ್ತೇನು?"

ಬೇರೆ ಟಾಯರು ಸಿಕ್ಕ ಕೂಡಲೇ ಸದ್ದಿಲ್ಲದೆ ಬದಲಿಸಿಬಿಡುವೆನೆಂದು ಅವನು ಹೇಳಿದ. ಹಾಗೆಯೇ ಮಾಡಬೇಕೆಂದೂ ಇದ್ದ. ಆದರೆ ಕೆಲಸ ಶುರುವಾದ ದಿನದಿಂದ ಖಾಸಿಂಸಾಬರು ಮುಂದಿನ ಸೀಟಿನಲ್ಲಿ ಅವನ ಪಕ್ಕ ಬಂದು ಕುಳಿತರು. ಸಂಜೆ ಕಾರು ನಿಂತ ಮೇಲೆ ಎಡಗಾಲಿಯನ್ನು ಒರೆಸುವವರೂ ಅವರೇ.

ರಾಚಯ್ಯನವರಿಗೆ ಕಾರು ಹಿಡಿಸಿತು. ಅಳತೆಯ ಉಪಕರಣಗಳ ಪೆಟ್ಟಿಗೆಯನ್ನು ತೊಡೆಯ ಮೇಲಿಟ್ಟುಕೊಂಡು ಕೂರುತ್ತಿದ್ದ ಅವರು, ಬೇರೆ ಗಾಡಿಗಳಲ್ಲಿ ಒಂದು ಬದಿಗೆ ಜಾರುತ್ತಿದ್ದೆ, ಇದರಲ್ಲಿ ಮಟ್ಟಸವಾಗಿ ಕೂರುತ್ತೇನೆ ಎಂದು ತಾವಾಗಿಯೇ ಹೇಳಿದರು.

"ಅದು ಗಾಲಿ ಆರ್ಸೂದರಾಗ ಐತ್ರಿ, ಸಾಹೇಬ್ರ," ಎಂದರು ಖಾಸಿಂಸಾಬರು. "ಇವತ್ತಿನ ಹುಡುಗರಿಗೆ ಹೇಳಿದ್ರ ತಿಳಿಯಂಗಿಲ್ಲ."

ಶಾಬುದ್ದೀನನಿಗೆ ಸಿಟ್ಟು ಬಂದದ್ದು ತಂದೆಯ ಮಾತಿಗಲ್ಲ. ಆ ಹೊಗಳಿಕೆ ಸುಳ್ಳಾಗಿರಲಿಲ್ಲ ಎಂಬುದಕ್ಕೆ. ಕಾರು ನಿಜಕ್ಕೂ ಮಟ್ಟಸವಾಗಿ ಓಡುತ್ತಿತ್ತು. ತಪ್ಪೆಲ್ಲ ನೆಲದ ಕಡೆ, ಎಣ್ಣೆಯೊಳಗೆ, ಯಾರಿಗೂ ಕಾಣದ ಡಬ್ಬಿಯಲ್ಲಿ ನಡೆಯುತ್ತಿತ್ತು. ದಿನಾ ಕಾರು ನಿಲ್ಲಿಸಿದೊಡನೆ ಅವನು ಬಗ್ಗಿ ಡಬ್ಬಿಗೆ ಕೈ ತಾಗಿಸುತ್ತಿದ್ದ. ಮೊದಮೊದಲು ಕೈ ಇಟ್ಟುಕೊಳ್ಳಬಹುದಿತ್ತು, ಆಮೇಲೆ ಆಗಲಿಲ್ಲ. ಎಣ್ಣೆ ಇಳಿಸಿ ದಪ್ಪನೆಯ ಎಣ್ಣೆ ತುಂಬಿದ. ಸಣ್ಣಗೆ ಕೊರಗಿದಂಥ ಸದ್ದು ಹುಟ್ಟಿತು. ವೇಗ ಇಳಿಸಿದ. ಆ ಸದ್ದು ಹೋಗಲಿಲ್ಲ.

ಸಂಕ್ರಾಂತಿ ಕಳೆದ ಮೇಲೆ, ಚೊಳಚಗುಡ್ಡ ದಾಟಿ ಏರು ಹತ್ತುವಾಗ, ಕಾರಿನ ಕೆಳಗೆ ಏನೋ ಮುರಿದ ಸದ್ದಾಯಿತು. ಹಿಂದಿನ ಗಾಲಿಗಳು ಒಮ್ಮೆ ಜಗ್ಗಿ ಹಿಡಿದುಕೊಂಡವು. ಎಂಜಿನ್ನು ಓಡುತ್ತಿತ್ತು, ಕಾರು ನಿಂತಿತ್ತು. ರಾಚಯ್ಯ ಸಿಟ್ಟು ಮಾಡಲಿಲ್ಲ. ಪೆಟ್ಟಿಗೆ ಹೊತ್ತುಕೊಂಡು ಇಳಿದು, ಬಂದ ಬಸ್ಸಿಗೆ ಕೈ ಮಾಡಿ ಹತ್ತಿಹೋದರು. ಮರುದಿನ ಅವರ ಬಾಗಿಲಲ್ಲಿ ಅಂಬಾಸಿಡರ್ ನಿಂತಿತ್ತು.

ಪ್ಲಿಮತ್ತನ್ನು ಎತ್ತುಗಳಿಂದ ಎಳೆಸಿ ತಂದರು. ಟಾಂಗಾ ಅಡ್ಡಾದ ಪಕ್ಕದಲ್ಲೇ ಮುರ್ತುಜಸಾಬನ ಗ್ಯಾರೇಜು. ಅವನು ಡಬ್ಬಿ ಬಿಚ್ಚಿ ಸುಟ್ಟು ಕಪ್ಪಾದ ಎಣ್ಣೆಯನ್ನು ತಗಡಿನಲ್ಲಿ ಹಿಡಿದು ಬೆರಳಾಡಿಸಿದ. ಮುರಿದ ಹಲ್ಲುಗಳು ಒಂದೊಂದಾಗಿ ಕೈಗೆ ಬಂದವು. ಒಳಗಿನ ಸಣ್ಣ ಅಚ್ಚು ಎರಡು ತುಂಡಾಗಿತ್ತು, ಮುರಿಯುವಾಗ ಡಬ್ಬಿಯನ್ನೂ ಸೀಳಿತ್ತು. ಈ ಗಾಡಿಗೆ ಅದು ಇನ್ನು ಎಲ್ಲಿಯೂ ಸಿಗುವಂಥದ್ದಲ್ಲ. ಅವನು ಎದ್ದು ಹಿಂದಿನ ಎರಡು ಗಾಲಿಗಳನ್ನೂ ನೋಡಿದ, ಮತ್ತೆ ನೋಡಿದ.

"ಯಾವ ಶ್ಯಾಣ್ಯಾ ಹಾಕಿದ್ನೋ ಇವೆರಡನ್ನೂ ಒಂದ ಅಚ್ಚಿಗೆ? ಒಂದು ಆನಿ, ಒಂದು ಆಡು! ಗಾಡಿ ಕೊಲ್ಲಬೇಕಂತ ಹರಕಿ ಹೊತ್ತಿದ್ನೇನ?"

ಟಾಂಗಾದವರು ಸುತ್ತ ನಿಂತಿದ್ದರು. ಹಾಕಿದ ದಿನ ಅವರೆಲ್ಲರೂ ಅಲ್ಲಿದ್ದವರೇ. ಖಾಸಿಂಸಾಬರು ಮುರಿದ ಹಲ್ಲೊಂದನ್ನು ಅಂಗೈಯಲ್ಲಿ ಹಿಡಿದಿದ್ದರು. ಅವರು ತಲೆಯೆತ್ತಿ ಮಗನನ್ನು ನೋಡಿದರು. ಆ ಮುಖದಲ್ಲಿ ಬೇಡಿಕೆಯಿತ್ತು. ಶಾಬುದ್ದೀನ ಹುಟ್ಟಿದಾಗಿನಿಂದ ಅವರು ಯಾರನ್ನೂ ಏನನ್ನೂ ಬೇಡಿದ್ದನ್ನು ಕಂಡಿರಲಿಲ್ಲ.

"ನಾನ," ಎಂದ ಶಾಬುದ್ದೀನ. "ಜೋಡಿ ಸಿಗಲಿಲ್ಲ, ಹಾಕಿಬಿಟ್ನಿ."

ಮುರ್ತುಜಸಾಬ ಛೀ ಎಂದು ತಗಡನ್ನು ನೆಲಕ್ಕಿಟ್ಟ. ಅಲ್ಲಿಗೆ ಮುಗಿಯಬಹುದಿತ್ತು. ಖಾಸಿಂಸಾಬರು ಗಂಟಲು ಸರಿಮಾಡಿಕೊಂಡರು.

"ನಾ ಬ್ಯಾಡ ಅಂದಿದ್ನಿ," ಎಂದರು ಜನರ ಕಡೆ ತಿರುಗಿ. "ದೊಡ್ಡಾರ ಮಾತು ಎಲ್ಲಿ ಕೇಳ್ತಾರ ಈಗಿನವ್ರು?"

ಟಾಂಗಾದವರಲ್ಲಿ ಒಬ್ಬ ನೆಲ ನೋಡಿದ, ಇನ್ನೊಬ್ಬ ಬೀಡಿ ಹಚ್ಚಿದ. ಆಮೇಲೆ ಯಾರೋ "ಹೌದ್ರಿ ಕಾಕಾ" ಎಂದರು. ಅಷ್ಟು ಹೊತ್ತಿಗೆ ಅದೇ ನಿಜವಾಗತೊಡಗಿತ್ತು.

ಕಾರು ತೂಕದ ಲೆಕ್ಕದಲ್ಲಿ ಗುಜರಿಗೆ ಹೋಯಿತು. ಶಾಬುದ್ದೀನ ಇಳಕಲ್ಲಿನ ಕಲ್ಲುಗಣಿಯ ಲಾರಿಗಳಲ್ಲಿ ಡ್ರೈವರ್ ಕೆಲಸ ಕೇಳಿ ಹೋದ. ಸುದ್ದಿ ಅವನಿಗಿಂತ ಮುಂಚೆ ತಲುಪಿತ್ತು. ಜೋಡಿಯಲ್ಲದ ಟಾಯರು ಹಾಕಿ ತನ್ನ ಕಾರನ್ನೇ ಕೊಂದವನಿಗೆ ಲಾರಿ ಯಾರು ಕೊಟ್ಟಾರು? ಕ್ಲೀನರ್ ಆಗಿರು, ನೋಡೋಣ ಎಂದರು. ಅಂದಪ್ಪ ಅವನನ್ನು ಅಂಗಡಿಗೆ ಕರೆದು ಚಹಾ ಕೊಟ್ಟ.

"ಆರ್ಸಿದವ್ರು ಯಾರಂತ ನನಗ ಗೊತ್ತೈತಿ. ಮಾಲಕರಿಗೆ ನಾ ಹೇಳ್ತೇನಿ, ನಾಳಿಗೆ ಸ್ಟೇರಿಂಗ್ ನಿನ್ನ ಕೈಯಾಗ ಇರ್ತೈತಿ. ಹೇಳ್ಲೇನು?"

"ಬ್ಯಾಡ್ರಿ."

"ಯಾಕಲೇ? ಏನ್ ಸಿಗ್ತೈತಿ ನಿನಗ ಇದರಾಗ?"

ಏನು ಸಿಗುತ್ತದೆಂದು ಶಾಬುದ್ದೀನ ಯೋಚಿಸಿದ್ದ. ಒಂದಲ್ಲ ಒಂದು ದಿನ ತಂದೆ ತನ್ನೊಬ್ಬನ ಮುಂದೆ, ಯಾರೂ ಇಲ್ಲದಾಗ, ತಪ್ಪು ನನ್ನದೆಂದು ಒಂದು ಮಾತು ಹೇಳುತ್ತಾರೆ. ಪೂರಾ ಹೇಳಬೇಕೆಂದೂ ಇರಲಿಲ್ಲ. ಅದಕ್ಕಾಗಿ ಅವನು ಲಾರಿಯ ಗಾಜು ಒರೆಸುತ್ತ ಕಾದ.

ರಂಜಾನಿಗೆ ಊರಿಗೆ ಬಂದಾಗ ನಮಾಜು ಮುಗಿಸಿ ತಂದೆ ಮಗ ಜೊತೆಯಾಗಿ ಅಡ್ಡಾಕ್ಕೆ ಹೋದರು. ಹೊಸದಾಗಿ ಟ್ಯಾಕ್ಸಿ ಕೊಂಡ ಒಬ್ಬನಿಗೆ ಖಾಸಿಂಸಾಬರು ಬುದ್ಧಿ ಹೇಳುತ್ತಿದ್ದರು. ಹಿಂದಿನ ಎರಡು ಗಾಲಿ ಒಂದೇ ಅಳತೆ ಇರಬೇಕು, ಒಂದೇ ಸವೆತ ಇರಬೇಕು, ದಾರ ಹಿಡಿದು ನೋಡಬೇಕು, ಇಲ್ಲದಿದ್ದರೆ ನಡುವಿನ ಹಲ್ಲು ಕಾಯುತ್ತವೆ. ಹುನಗುಂದದ ನೆಲದ ಮೇಲೆ ಶಾಬುದ್ದೀನ ಗೀಚಿದ್ದೆಲ್ಲವೂ ಅದರಲ್ಲಿತ್ತು. ಒಂದು ಮಾತೂ ತಪ್ಪಿರಲಿಲ್ಲ.

"ಇವ್ಗ ಎಷ್ಟ ಬಡಕೊಂಡ್ನಿ," ಎಂದರು ಮಗನನ್ನು ತೋರಿಸಿ. "ಹೇಳಿದ್ನೋ ಇಲ್ಲೋ, ನೀನ ಹೇಳು."

ಶಾಬುದ್ದೀನ ಆ ಮುಖದಲ್ಲಿ ಗ್ಯಾರೇಜಿನ ದಿನದ ಬೇಡಿಕೆಯನ್ನು ಹುಡುಕಿದ. ಸಣ್ಣದೊಂದು ಅಂಜಿಕೆಯಾದರೂ ಇರಬಹುದೆಂದು ಹುಡುಕಿದ. ಏನೂ ಇರಲಿಲ್ಲ. ತಂದೆ ಸುಳ್ಳು ಹೇಳುತ್ತಿರಲಿಲ್ಲ. ತಾವು ಹೇಳಿದ್ದನ್ನು ತಾವೇ ಪೂರಾ ನಂಬಿಬಿಟ್ಟಿದ್ದರು. ಇನ್ನು ಕಾಯಲು ಯಾವ ಮಾತೂ ಉಳಿದಿರಲಿಲ್ಲ.

"ಹೇಳಿದ್ರಿ, ಅಬ್ಬಾ," ಎಂದ.

ಮನೆಗೆ ಬಂದಾಗ ಅಬೇದಾ ಹಬ್ಬದ ಸುರಕುಂಬಾ ಪಾಯಸ ಬಡಿಸಲು ಬಟ್ಟಲು ಇಡುತ್ತಿದ್ದಳು. ಅವನು ಕೂರಲಿಲ್ಲ.

"ಅರಿವಿ ಕಟ್ಟಿಕೋ," ಎಂದ. "ಇಳಕಲ್ಲಿನಾಗ ಒಂದ ಖೋಲಿ ನೋಡೇನಿ."

ಅವಳು ಮಾವನ ಬಟ್ಟಲನ್ನಷ್ಟೇ ತುಂಬಿ, ಮುಚ್ಚಿಟ್ಟು, ಬಟ್ಟೆ ಕಟ್ಟಲು ಒಳಗೆ ಹೋದಳು.